ಕೆಲಸ ನಿಂತ ಮೇಲೆ ‘ನೀವು ಯಾರು’ ಎಂಬ ಪ್ರಶ್ನೆಗೆ ಏನು ಉತ್ತರ?

ನಿವೃತ್ತ ಮೊಳೆ ಜೋಡಣೆಗಾರ (ಚರ್ಚೆಯ ಆರಂಭ)

ಹತ್ತೊಂಬತ್ತನೆಯ ವಯಸ್ಸಿನಲ್ಲಿ ಅಚ್ಚುಕೂಟಕ್ಕೆ ಸೇರಿದ ನಾನು ಹದಿನೇಳು ವರ್ಷ ಸೀಸದ ಮೊಳೆಗಳನ್ನು, ಎಂದರೆ ಅಚ್ಚಿನ ಬಿಡಿ ಅಕ್ಷರಗಳನ್ನು, ಜೋಡಿಸಿದೆ. ಆ ಕೆಲಸವೇ ಇಲ್ಲವಾದ ಮೇಲೆ ಮತ್ತೆ ಇಪ್ಪತ್ತೆರಡು ವರ್ಷ ಕಂಪ್ಯೂಟರಿನ ಮುಂದೆ ಕುಳಿತು ಪುಟ ವಿನ್ಯಾಸ ಮಾಡಿದೆ. ಎರಡನೆಯ ಕೆಲಸದಲ್ಲಿ ಸಂಬಳ ಹೆಚ್ಚಿತ್ತು, ಕೈಗೆ ಮಸಿ ಹತ್ತುತ್ತಿರಲಿಲ್ಲ, ಸೀಸದ ಧೂಳಿನ ಭಯವೂ ಇರಲಿಲ್ಲ. ಆದರೂ ‘ನೀವು ಏನು ಕೆಲಸ ಮಾಡುತ್ತಿದ್ದಿರಿ’ ಎಂದು ಯಾರಾದರೂ ಕೇಳಿದರೆ ಇಂದಿಗೂ ನನ್ನ ಬಾಯಿಗೆ ಮೊದಲು ಬರುವುದು ‘ಕಂಪೋಸಿಟರ್’ ಎಂಬ ಮಾತೇ. ಇತ್ತೀಚೆಗೆ ಒಂದು ಅರ್ಜಿಯಲ್ಲಿ ‘ವೃತ್ತಿ’ ಎಂಬ ಜಾಗವನ್ನು ತುಂಬುವಾಗ ಕೈ ನಿಂತುಹೋಯಿತು. ‘ನಿವೃತ್ತ’ ಎಂದು ಬರೆಯಲು ಮನಸ್ಸು ಒಪ್ಪಲಿಲ್ಲ. ಆ ಪದ ನಾನು ಏನಲ್ಲ ಎಂಬುದನ್ನು ಹೇಳುತ್ತದೆಯೇ ಹೊರತು ಏನು ಎಂಬುದನ್ನು ಹೇಳುವುದಿಲ್ಲ.

ಮೊಳೆ ಜೋಡಿಸುವವನು ಸಾಲನ್ನು ತಲೆಕೆಳಗಾಗಿ, ಕನ್ನಡಿಯಲ್ಲಿ ಕಂಡ ಹಾಗೆ ಓದುತ್ತಾನೆ. ಎರಡು ವರ್ಷ ಕಳೆಯುವಷ್ಟರಲ್ಲಿ ಆ ಓದು ನೇರ ಓದಿನಷ್ಟೇ ಸಲೀಸಾಗುತ್ತದೆ. ಕಣ್ಣಿನ ನೆರವಿಲ್ಲದೆ ಬೆರಳು ಸರಿಯಾದ ಖಾನೆಗೆ ಹೋಗುತ್ತದೆ. ಇದೆಲ್ಲ ಕೆಲಸದ ಹೊತ್ತಿಗೆ ಮುಗಿಯುವ ಸಂಗತಿಯಲ್ಲ. ಬೀದಿಯ ಫಲಕವಾಗಲಿ ಔಷಧದ ಚೀಟಿಯಾಗಲಿ, ಯಾವುದನ್ನು ಓದಿದರೂ ಅರ್ಥಕ್ಕಿಂತ ಮೊದಲು ನನಗೆ ಪದಗಳ ನಡುವಿನ ಅಂತರ ಕಾಣುತ್ತದೆ, ಅದು ಹೆಚ್ಚು ಕಡಿಮೆಯಾಗಿದ್ದರೆ ಮನಸ್ಸಿಗೆ ಕಿರಿಕಿರಿಯಾಗುತ್ತದೆ. 1978ರ ಜುಲೈಯಲ್ಲಿ ನ್ಯೂಯಾರ್ಕ್ ಟೈಮ್ಸ್ ಪತ್ರಿಕೆ ಕರಗಿಸಿದ ಸೀಸದಿಂದ ಸಾಲುಗಳನ್ನು ಎರಕ ಹೊಯ್ಯುವ ಪದ್ಧತಿಯನ್ನು ಕೈಬಿಟ್ಟಿತು. ಅನಂತರದ ಎರಡು ದಶಕಗಳಲ್ಲಿ ಲೋಕದ ಬಹುಪಾಲು ಅಚ್ಚುಕೂಟಗಳು ಅದೇ ದಾರಿ ಹಿಡಿದವು, ಕೆಲಸ ಹೋಯಿತು. ಕೆಲಸ ಕಲಿಸಿದ ಕಣ್ಣು ಮಾತ್ರ ಹೋಗಲಿಲ್ಲ.

ವೃತ್ತಿಯು ಮನುಷ್ಯನ ಒಳಗೆ ಉಳಿಸಿಹೋಗುವುದು ನಿಜವಾಗಿ ಏನನ್ನು? ಮತ್ತು ಒಬ್ಬರನ್ನು ಪರಿಚಯ ಮಾಡಿಕೊಂಡ ಕೂಡಲೇ ಸಮಾಜವು ಅವರ ಕೆಲಸವನ್ನೇ ಕೇಳುವುದೇಕೆ? ಅನುಭವವಿದ್ದವರು, ಓದಿಕೊಂಡವರು ದಯವಿಟ್ಟು ಬರೆಯಿರಿ.

ಸಮಾಜಶಾಸ್ತ್ರದ ಅಧ್ಯಾಪಕಿ

ತಮ್ಮ ಎರಡನೆಯ ಪ್ರಶ್ನೆಯಿಂದ ಆರಂಭಿಸುತ್ತೇನೆ. ಅಪರಿಚಿತರೊಬ್ಬರ ವಿದ್ಯೆ, ಆದಾಯ, ದಿನಚರಿ, ಅವರು ಯಾರೊಡನೆ ಒಡನಾಡುತ್ತಾರೆ ಎಂಬುದನ್ನೆಲ್ಲ ಒಂದೇ ಮಾತಿನಲ್ಲಿ ಊಹಿಸಿಕೊಳ್ಳಲು ವೃತ್ತಿಯ ಹೆಸರಿಗಿಂತ ಹತ್ತಿರದ ದಾರಿ ನಮಗೆ ಸಿಕ್ಕಿಲ್ಲ. ಅಂತರರಾಷ್ಟ್ರೀಯ ಕಾರ್ಮಿಕ ಸಂಸ್ಥೆಯು 2008ರಲ್ಲಿ ಪರಿಷ್ಕರಿಸಿದ ವರ್ಗೀಕರಣದಲ್ಲಿ 436 ಬಗೆಯ ವೃತ್ತಿಗಳಿವೆ. ಜಗತ್ತಿನ ದುಡಿಯುವ ಜನರನ್ನೆಲ್ಲ ಅಷ್ಟು ಪೆಟ್ಟಿಗೆಗಳಲ್ಲಿ ಇರಿಸಬಹುದು ಎಂಬ ನಂಬಿಕೆ ಆಡಳಿತಕ್ಕೆ ಉಪಯುಕ್ತವೇ ಸರಿ, ಆದರೆ ಪೆಟ್ಟಿಗೆಗಳು ಅಕ್ಕಪಕ್ಕದಲ್ಲಿಲ್ಲ, ಒಂದರ ಮೇಲೊಂದು ಇವೆ. ಅಮೆರಿಕದ ಸಮಾಜಶಾಸ್ತ್ರಜ್ಞ ಡೊನಾಲ್ಡ್ ಟ್ರೈಮನ್ ಅರವತ್ತು ಸಮಾಜಗಳ ಮಾಹಿತಿಯನ್ನು ಹೋಲಿಸಿ 1977ರಲ್ಲಿ ತೋರಿಸಿದಂತೆ, ವೃತ್ತಿಗಳಿಗೆ ಜನ ಕೊಡುವ ಗೌರವದ ಏಣಿ ದೇಶದಿಂದ ದೇಶಕ್ಕೆ ಅಚ್ಚರಿ ಹುಟ್ಟಿಸುವಷ್ಟು ಒಂದೇ ತೆರನಾಗಿದೆ.

ಮೊದಲ ಪ್ರಶ್ನೆ ನನಗೆ ಹೆಚ್ಚು ಮುಖ್ಯವೆನಿಸುತ್ತದೆ. ಅದಕ್ಕೆ ಉತ್ತರವನ್ನು ಕೆಲಸವಿರುವವರಿಗಿಂತ ಕೆಲಸ ಕಳೆದುಕೊಂಡವರಲ್ಲಿ ಹುಡುಕುವುದು ಸರಿಯಾದ ಕ್ರಮ. ಆಸ್ಟ್ರಿಯಾದ ವಿಯೆನ್ನಾ ನಗರಕ್ಕೆ ಸಮೀಪದ ಮಾರಿಯೆನ್‌ತಾಲ್ ಎಂಬ ಊರು ಒಂದೇ ಒಂದು ಬಟ್ಟೆ ಗಿರಣಿಯನ್ನು ನೆಚ್ಚಿಕೊಂಡು ಬದುಕಿತ್ತು. ಆರ್ಥಿಕ ಕುಸಿತದ ಕಾಲದಲ್ಲಿ ಗಿರಣಿ ಮುಚ್ಚಿದಾಗ ಬಹುಪಾಲು ಊರೇ ಕೆಲಸ ಕಳೆದುಕೊಂಡಿತು. ಮಾರಿ ಯಾಹೋಡಾ, ಪಾಲ್ ಲಾಜರ್ಸ್‌ಫೆಲ್ಡ್, ಹಾನ್ಸ್ ಝೈಸೆಲ್ ಎಂಬ ಮೂವರು ತಮ್ಮ ತಂಡದೊಂದಿಗೆ ಆ ಊರನ್ನು ಅಧ್ಯಯನ ಮಾಡಿ 1933ರಲ್ಲಿ ವರದಿ ಪ್ರಕಟಿಸಿದರು. ಬಿಡುವು ಹೆಚ್ಚಿದರೆ ಜನ ಹೆಚ್ಚು ಓದುತ್ತಾರೆ, ಹೆಚ್ಚು ಸಂಘಟಿತರಾಗುತ್ತಾರೆ ಎಂದು ಯಾರಾದರೂ ನಿರೀಕ್ಷಿಸಬಹುದು. ಅಲ್ಲಿ ನಡೆದದ್ದು ತದ್ವಿರುದ್ಧ. ಗ್ರಂಥಾಲಯದಿಂದ ಪುಸ್ತಕ ಒಯ್ಯುವವರು ಕಡಿಮೆಯಾದರು, ಸಂಘಗಳು ಸೊರಗಿದವು, ಬೀದಿಯಲ್ಲಿ ಗಂಡಸರ ನಡಿಗೆಯೇ ನಿಧಾನವಾಯಿತು. ದಿನವನ್ನು ಹೇಗೆ ಕಳೆದಿರಿ ಎಂದು ಕೇಳಿದರೆ, ಎದ್ದದ್ದು, ಉಂಡದ್ದು, ಮಲಗಿದ್ದು ಬಿಟ್ಟರೆ ನಡುವಿನ ಗಂಟೆಗಳಿಗೆ ಅನೇಕರ ಬಳಿ ಲೆಕ್ಕವೇ ಇರಲಿಲ್ಲ.

ಕೂಲಿಯ ಆಚೆಗೆ ಉದ್ಯೋಗವು ಕೊಡುವ ಐದು ಸಂಗತಿಗಳನ್ನು ಯಾಹೋಡಾ ಮುಂದೆ ಗುರುತಿಸಿದರು: ಹೊತ್ತಿಗೊಂದು ಕಟ್ಟು, ಮನೆಯಾಚೆಯ ಒಡನಾಟ, ಹಲವರು ಸೇರಿ ಸಾಧಿಸುವ ಗುರಿ, ಸ್ಥಾನಮಾನ, ತಪ್ಪದ ಚಟುವಟಿಕೆ. ಇವು ಇರುವಾಗ ನಮ್ಮ ಗಮನಕ್ಕೆ ಬರುವುದಿಲ್ಲ.

ಕೆಲಸದೊಳಗೇ ಆಗುವ ಬದಲಾವಣೆಯ ಬಗ್ಗೆಯೂ ಗಟ್ಟಿಯಾದ ಆಧಾರವಿದೆ. ಸಮಾಜಶಾಸ್ತ್ರಜ್ಞ ಮೆಲ್ವಿನ್ ಕೋನ್ ಮತ್ತು ಅವರ ಸಹೋದ್ಯೋಗಿಗಳು ಅಮೆರಿಕದಲ್ಲಿ 1964ರಲ್ಲಿ ಸಂದರ್ಶಿಸಿದ ದುಡಿಯುವ ಗಂಡಸರಲ್ಲಿ ಹಲವರನ್ನು 1974ರಲ್ಲಿ ಮತ್ತೆ ಸಂದರ್ಶಿಸಿದರು. ಸ್ವಂತ ತೀರ್ಮಾನಕ್ಕೆ ಎಡೆ ಕೊಡುವ, ಜಟಿಲವಾದ ಕೆಲಸ ಮಾಡಿದವರ ಯೋಚನೆ ವರ್ಷಗಳು ಕಳೆದಂತೆ ಹೆಚ್ಚು ಹೊಂದಿಕೊಳ್ಳುವಂಥದ್ದಾಗಿತ್ತು. ಮೇಲಿನವರ ಕಣ್ಗಾವಲಿನಲ್ಲಿ ಹೇಳಿದ್ದನ್ನಷ್ಟೇ ಮಾಡಿದವರು ಮಕ್ಕಳಿಂದಲೂ ವಿಧೇಯತೆಯನ್ನೇ ಹೆಚ್ಚು ಬಯಸುತ್ತಿದ್ದರು. ಈ ಕೊನೆಯ ಮಾತು ನನ್ನನ್ನು ಬಹಳ ಕಾಡಿದೆ, ಏಕೆಂದರೆ ಮೇಲಧಿಕಾರಿಯ ದನಿ ಕೆಲಸದ ಜಾಗದಲ್ಲಿ ಉಳಿಯದೆ ಮನೆಗೆ ಬಂದು ಮಗುವಿನೊಡನೆ ಮಾತನಾಡುತ್ತದೆ ಎಂದೇ ಅದರ ಅರ್ಥ.

ಭಾಷಾ ವಿದ್ಯಾರ್ಥಿ

ಒಂದು ಸಣ್ಣ ಸೇರ್ಪಡೆ. ಇಂಗ್ಲಿಷಿನ ಸ್ಮಿತ್, ಜರ್ಮನಿನ ಶ್ಮಿಟ್, ಹಂಗೇರಿಯ ಕೊವಾಚ್, ಅರಬ್ಬಿಯ ಹದ್ದಾದ್ ಇವೆಲ್ಲ ಮನೆತನದ ಹೆಸರುಗಳು, ಮತ್ತು ನಾಲ್ಕರ ಮೂಲದಲ್ಲೂ ಇರುವವನು ಕಮ್ಮಾರ. ಕುಲುಮೆ ಆರಿ ಎಷ್ಟೋ ತಲೆಮಾರುಗಳಾದರೂ ಹೆಸರು ಉಳಿದಿದೆ. ಕೆಲಸವೇ ಗುರುತಾಗುವುದು ಬೇರೆ ಬೇರೆ ಭಾಷೆಗಳಲ್ಲಿ ನಡೆದಿದೆ ಎಂಬುದಕ್ಕೆ ಇದಕ್ಕಿಂತ ಸರಳ ಸಾಕ್ಷಿ ನನಗೆ ತೋಚುತ್ತಿಲ್ಲ.

ತೀವ್ರ ನಿಗಾ ಘಟಕದ ದಾದಿ

ಇಪ್ಪತ್ತು ವರ್ಷಗಳಿಂದ ತೀವ್ರ ನಿಗಾ ಘಟಕದಲ್ಲಿದ್ದೇನೆ. ಮೊಳೆ ಜೋಡಿಸುತ್ತಿದ್ದ ಹಿರಿಯರು ತಮ್ಮ ಕಣ್ಣಿನ ಬಗ್ಗೆ ಬರೆದದ್ದನ್ನು ಓದಿದಾಗ ನನ್ನ ಕಿವಿಯ ನೆನಪಾಯಿತು. ಮನೆಯಲ್ಲಿ ಯಾವ ಯಂತ್ರ ಸದ್ದು ಮಾಡಿದರೂ ನಿದ್ದೆಯಲ್ಲಿರುವ ನನ್ನ ದೇಹ ಎದ್ದು ನಿಲ್ಲುತ್ತದೆ. ಯಾರಾದರೂ ಕೈ ಚಾಚಿದರೆ ಅವರ ಮುಖ ನೋಡುವ ಮೊದಲು ಮುಂಗೈಯ ರಕ್ತನಾಳ ನೋಡುತ್ತೇನೆ. ಇವನ್ನು ನಾನು ಬೇಕೆಂದು ಕಲಿತದ್ದಲ್ಲ.

ಆದರೆ ವೃತ್ತಿಯು ಇಂದ್ರಿಯಗಳನ್ನು ತಿದ್ದುವುದಕ್ಕಿಂತ ಭಾವನೆಗಳನ್ನು ತಿದ್ದುವುದು ಆಳವಾದದ್ದು. ಆರ್ಲಿ ಹಾಕ್‌ಶೀಲ್ಡ್ ಎಂಬ ಸಮಾಜಶಾಸ್ತ್ರಜ್ಞೆ 1983ರಲ್ಲಿ ವಿಮಾನದ ಗಗನಸಖಿಯರನ್ನೂ ಸಾಲ ವಸೂಲಿ ಮಾಡುವವರನ್ನೂ ಕುರಿತು ಬರೆದು, ಒಬ್ಬರು ನಗುವನ್ನೂ ಇನ್ನೊಬ್ಬರು ಗದರಿಕೆಯನ್ನೂ ಸಂಬಳಕ್ಕಾಗಿ ತಮ್ಮೊಳಗಿಂದ ಹೊರಡಿಸಬೇಕಾಗುತ್ತದೆ, ಅದೂ ಒಂದು ದುಡಿಮೆ ಎಂದು ತೋರಿಸಿದರು. ನಮ್ಮಲ್ಲಿ ಆ ದುಡಿಮೆ ನಗುವುದಲ್ಲ, ಅಳದೆ ಇರುವುದು. ಒಂದು ಹಾಸಿಗೆಯಲ್ಲಿ ಜೀವ ಹೋದ ಹತ್ತು ನಿಮಿಷಕ್ಕೆ ಪಕ್ಕದ ಹಾಸಿಗೆಯವರ ಮುಂದೆ ಸಮಾಧಾನದ ಮುಖ ಹೊತ್ತು ನಿಲ್ಲಬೇಕು. ಕೆಲವು ವರ್ಷಗಳ ನಂತರ ಆ ಮುಖವನ್ನು ಕಳಚಿಡುವುದು ಎಲ್ಲಿ ಎಂಬುದೇ ಗೊತ್ತಾಗುವುದಿಲ್ಲ. ನನ್ನ ಸ್ವಂತ ತಂದೆ ತೀರಿಕೊಂಡ ದಿನ ನಾನು ಬಂದವರನ್ನೆಲ್ಲ ಕೂರಿಸಿ, ಸಂತೈಸಿ, ಕಾಗದಪತ್ರಗಳನ್ನು ನೋಡಿಕೊಂಡೆ. ಎಲ್ಲರೂ ಧೈರ್ಯಶಾಲಿ ಎಂದರು. ಅದು ಧೈರ್ಯವಾಗಿರಲಿಲ್ಲ, ನನ್ನ ಪಾಳಿಯ ಅಭ್ಯಾಸವಾಗಿತ್ತು. ನನಗೆ ಅಳು ಬಂದದ್ದು ಏಳು ವಾರಗಳ ನಂತರ, ಕೆಲಸದಲ್ಲಿ, ಔಷಧದ ಕಪಾಟಿನ ಮುಂದೆ. ಆಗ ನನ್ನ ಜೊತೆಯ ಹಿರಿಯ ದಾದಿ ಏನೂ ಕೇಳದೆ ನನ್ನ ರೋಗಿಗಳನ್ನು ತಾನು ನೋಡಿಕೊಂಡರು. ಏನಾಗುತ್ತಿದೆ ಎಂದು ಅವರಿಗೆ ನಾನು ಹೇಳಬೇಕಾಗಿರಲಿಲ್ಲ.

ನಾನು ಈ ವೃತ್ತಿಯನ್ನು ದೂರುತ್ತಿಲ್ಲ. ಮತ್ತೊಮ್ಮೆ ಆಯ್ಕೆ ಸಿಕ್ಕರೂ ಇದನ್ನೇ ಆರಿಸಿಕೊಳ್ಳುತ್ತೇನೆ.

ಪೌರಕಾರ್ಮಿಕರ ಮಗಳು

ಇಲ್ಲಿಯವರೆಗಿನ ಮಾತುಗಳಲ್ಲಿ ಒಂದು ಊಹೆ ಅಡಗಿದೆ: ವೃತ್ತಿಯೆಂದರೆ ಹೇಳಿಕೊಳ್ಳುವಂಥದ್ದು ಎಂಬ ಊಹೆ. ನನ್ನ ತಂದೆ ಮೂವತ್ತು ವರ್ಷ ಕಸ ಎತ್ತಿದರು, ಚರಂಡಿ ತೆಗೆದರು. ಶಾಲೆಯಲ್ಲಿ ‘ತಂದೆಯ ಉದ್ಯೋಗ’ ಎಂದು ಕೇಳಿದಾಗಲೆಲ್ಲ ನಾನು ‘ಸರ್ಕಾರಿ ನೌಕರಿ’ ಎಂದು ಬರೆಯುತ್ತಿದ್ದೆ. ಬರೆದದ್ದು ಸುಳ್ಳಲ್ಲ, ಆದರೂ ಸುಳ್ಳು ಹೇಳಿದವಳ ಭಯ ನನ್ನಲ್ಲಿತ್ತು.

ಇಟಲಿಯ ವೈದ್ಯ ಬರ್ನಾರ್ದಿನೊ ರಾಮಜ್ಜೀನಿ ತನ್ನ ಮನೆಯ ಮಲದ ಗುಂಡಿ ಬಳಿಯುತ್ತಿದ್ದವನು ಅಷ್ಟೊಂದು ಅವಸರಪಡುವುದನ್ನು ಕಂಡು ಕಾರಣ ಕೇಳಿದನಂತೆ. ಹೆಚ್ಚು ಹೊತ್ತು ಒಳಗಿದ್ದರೆ ಕಣ್ಣು ಹೋಗುತ್ತದೆ ಎಂಬ ಉತ್ತರ ಬಂತು. ಆ ಮಾತಿನಿಂದ ಹೊರಟ ಅವನ ಹುಡುಕಾಟ 1700ರಲ್ಲಿ ಕಸುಬುಗಳಿಂದ ಬರುವ ರೋಗಗಳ ಬೃಹತ್ ಅಧ್ಯಯನವಾಗಿ ಹೊರಬಂತು. ರೋಗಿಗೆ ಕೇಳಬೇಕಾದ ಪ್ರಶ್ನೆಗಳ ಸಾಲಿಗೆ ‘ನಿನ್ನ ಕಸುಬು ಯಾವುದು’ ಎಂಬುದನ್ನೂ ಸೇರಿಸಿಕೊಳ್ಳಬೇಕು ಎಂದು ಅವನು ವೈದ್ಯರಿಗೆ ಹೇಳಿದ. ಅದೇ ಪ್ರಶ್ನೆ! ಅಳೆದು ದೂರವಿಡಲು ಕೇಳುವವರೂ ಇದ್ದಾರೆ, ಗುಣಪಡಿಸಲು ಕೇಳಿದವನೂ ಇದ್ದ.

1968ರ ಫೆಬ್ರವರಿಯಲ್ಲಿ ಅಮೆರಿಕದ ಮೆಂಫಿಸ್ ನಗರದಲ್ಲಿ ಕಸ ಸಾಗಿಸುವ ಇಬ್ಬರು ಕಾರ್ಮಿಕರು ಲಾರಿಯ ಕಸ ಒತ್ತುವ ಯಂತ್ರಕ್ಕೆ ಸಿಲುಕಿ ಸತ್ತರು. ಸುಮಾರು 1,300 ಕಪ್ಪು ಕಾರ್ಮಿಕರು ಮುಷ್ಕರ ಹೂಡಿದರು. ಅವರ ಬೇಡಿಕೆಗಳಲ್ಲಿ ಕೂಲಿ ಇತ್ತು, ಸುರಕ್ಷತೆ ಇತ್ತು, ಸಂಘಕ್ಕೆ ಮಾನ್ಯತೆ ಇತ್ತು. ಆದರೆ ಅವರು ಕೊರಳಿಗೆ ಹಾಕಿಕೊಂಡ ಫಲಕದಲ್ಲಿ ಇದ್ದದ್ದು ‘ನಾನು ಮನುಷ್ಯ’ ಎಂಬ ಮಾತು. ಅವರ ಬೆಂಬಲಕ್ಕೆ ಬಂದಿದ್ದಾಗಲೇ ಮಾರ್ಟಿನ್ ಲೂಥರ್ ಕಿಂಗ್ ಏಪ್ರಿಲ್ 4ರಂದು ಹತರಾದರು. ಒಂದು ಸಮಾಜವು ಕೆಲಸದ ಕೊಳೆಯನ್ನು ಕೆಲಸ ಮಾಡಿದವನ ಮೈಗೆ ಅಂಟಿಸಿದಾಗ ಅವನು ಮೊದಲು ಸಾಬೀತುಪಡಿಸಬೇಕಾದದ್ದು ತನ್ನ ಕೌಶಲವನ್ನಲ್ಲ, ತನ್ನ ಮನುಷ್ಯತ್ವವನ್ನು. ಶ್ರಮವನ್ನು ಹಂಚುವುದು ಬೇರೆ, ಶ್ರಮಿಕರನ್ನೇ ಒಡೆದು ಹಂಚುವುದು ಬೇರೆ ಎಂದು ಅಂಬೇಡ್ಕರ್ 1936ರಲ್ಲಿ ಮಾಡಿದ ವ್ಯತ್ಯಾಸವನ್ನು ಮರೆತು ಈ ವಿಷಯವನ್ನು ಚರ್ಚಿಸಲು ನನಗೆ ಸಾಧ್ಯವಿಲ್ಲ. ಆಯ್ಕೆಯಿಂದ ಬಂದ ವೃತ್ತಿ ಗುರುತಾಗಬಹುದು. ಹುಟ್ಟಿನಿಂದ ಹೇರಿದ್ದು ಗುರುತಲ್ಲ, ಗೆರೆ.

ಇನ್ನೊಂದು ಮಾತನ್ನೂ ಹೇಳದಿದ್ದರೆ ತಂದೆಗೆ ಅನ್ಯಾಯ ಮಾಡಿದಂತಾಗುತ್ತದೆ. ಮಳೆಗಾಲದಲ್ಲಿ ಯಾವ ಚರಂಡಿ ಮೊದಲು ಉಕ್ಕುತ್ತದೆ, ನೀರಿನ ಸದ್ದಿನಿಂದಲೇ ಕಟ್ಟಿಕೊಂಡ ಜಾಗ ಎಷ್ಟು ದೂರದಲ್ಲಿದೆ ಎಂದು ಅವರು ಹೇಳಬಲ್ಲವರಾಗಿದ್ದರು. ಅವರ ಜೊತೆಯವರು ಸಂದೇಹ ಬಂದಾಗ ಅವರನ್ನೇ ಕೇಳುತ್ತಿದ್ದರು. ಆ ಮಾತುಕತೆಯನ್ನು ಕೇಳಿಸಿಕೊಳ್ಳುವಾಗ ನನಗೆ ಅವರ ಮುಖದಲ್ಲಿ ಕಂಡದ್ದು ಬೇರೆ ಯಾವ ಹೊತ್ತಿನಲ್ಲೂ ಕಾಣಲಿಲ್ಲ.

ಗೃಹಿಣಿ

ಅರ್ಜಿಯಲ್ಲಿ ‘ವೃತ್ತಿ’ ಎಂಬ ಜಾಗದ ಮುಂದೆ ಕೈ ನಿಂತಿತು ಎಂದು ಬರೆದಿದ್ದೀರಿ. ನನ್ನ ಕೈ ಮೂವತ್ತೈದು ವರ್ಷಗಳಿಂದ ನಿಲ್ಲುತ್ತಲೇ ಇದೆ. ಅಧ್ಯಾಪಕಿಯವರು ಹೆಸರಿಸಿದ 436 ಬಗೆಗಳಲ್ಲಿ ಇನ್ನೊಬ್ಬರ ಮನೆಯಲ್ಲಿ ಸಂಬಳಕ್ಕೆ ಅಡುಗೆ ಮಾಡುವವರಿಗೆ ಜಾಗವಿದೆ, ತನ್ನ ಮನೆಯಲ್ಲಿ ಅದನ್ನೇ ಮಾಡುವವಳಿಗೆ ಇಲ್ಲ.

1975ರ ಅಕ್ಟೋಬರ್ 24ರಂದು ಐಸ್‌ಲ್ಯಾಂಡಿನ ಸುಮಾರು ಶೇಕಡಾ 90ರಷ್ಟು ಹೆಂಗಸರು ಒಂದು ದಿನ ಸಂಬಳದ ಕೆಲಸವನ್ನೂ ಮನೆಗೆಲಸವನ್ನೂ ನಿಲ್ಲಿಸಿದರು. ಮಕ್ಕಳನ್ನು ನೋಡಿಕೊಳ್ಳುವವರಿಲ್ಲದೆ ತಂದೆಯರು ಅವರನ್ನು ಕಚೇರಿಗಳಿಗೆ ಕರೆದೊಯ್ಯಬೇಕಾಯಿತು. ಕೂಲಿಯಿಲ್ಲದ ಮನೆಗೆಲಸವೂ ಅಂಕಿಅಂಶಗಳ ಲೆಕ್ಕದಲ್ಲಿ ‘ಕೆಲಸ’ವೇ ಎಂದು ಕಾರ್ಮಿಕ ಅಂಕಿಅಂಶ ತಜ್ಞರ ಅಂತರರಾಷ್ಟ್ರೀಯ ಸಮ್ಮೇಳನ ಸ್ಪಷ್ಟವಾದ ಚೌಕಟ್ಟು ಹಾಕಿಕೊಟ್ಟದ್ದು 2013ರಲ್ಲಿ. ಮಾರಿಯೆನ್‌ತಾಲ್ ಕಥೆಯಲ್ಲಿಯೂ, ಗಂಡಸರ ನಡಿಗೆ ನಿಧಾನವಾದಾಗ ಹೆಂಗಸರ ನಡಿಗೆ ಹಾಗಾಗಲಿಲ್ಲ. ಗಿರಣಿಯ ಕೂಲಿ ಹೋಗಿತ್ತು, ಮನೆಯ ಕೆಲಸ ಹೋಗಿರಲಿಲ್ಲ. ಅಧ್ಯಾಪಕಿಯವರು ಇದನ್ನು ಬಿಟ್ಟದ್ದು ಏಕೆಂದು ತಿಳಿಯಲಿಲ್ಲ.

ಪೌರಕಾರ್ಮಿಕರ ಮಗಳು ಬರೆದ ಕೊನೆಯ ಸಾಲುಗಳನ್ನು ಓದಿ ನನಗೆ ಏನು ಇರಲಿಲ್ಲ ಎಂಬುದು ಅರ್ಥವಾಯಿತು. ನನ್ನ ಕೆಲಸವನ್ನು ಬಲ್ಲವರು ಯಾರೂ ನನ್ನ ಕೆಲಸವನ್ನು ನೋಡಲಿಲ್ಲ. ನೋಡಿದವರ ಗಮನಕ್ಕೆ ಅದು ಬಂದದ್ದು ಆಗದೆ ಉಳಿದಾಗ ಮಾತ್ರ.

ಸರಕು ತಲುಪಿಸುವ ಯುವಕ

ಹಿರಿಯರ ಮಾತುಗಳನ್ನು ಗೌರವದಿಂದಲೇ ಓದಿದ್ದೇನೆ, ಆದರೆ ಇದು ನನ್ನ ತಲೆಮಾರಿನ ಪ್ರಶ್ನೆಯಲ್ಲ ಎಂದು ಮೊದಲು ಅನ್ನಿಸಿತು. ನಾಲ್ಕು ವರ್ಷಗಳಲ್ಲಿ ನಾನು ಮೂರು ಆ್ಯಪ್‌ಗಳಿಗೆ ದುಡಿದಿದ್ದೇನೆ. ಯಾರಾದರೂ ಕೇಳಿದರೆ ‘ಸದ್ಯಕ್ಕೆ ಇದನ್ನು ಮಾಡುತ್ತಿದ್ದೇನೆ’ ಎನ್ನುತ್ತೇನೆ. ಕೆಲಸ ಬೇರೆ, ನಾನು ಬೇರೆ ಎಂದು ಇಟ್ಟುಕೊಂಡರೆ ಕೆಲಸ ಹೋದ ದಿನ ನಾನು ಮುರಿಯುವುದಿಲ್ಲ ಎಂಬುದು ನನ್ನ ಲೆಕ್ಕವಾಗಿತ್ತು.

ಆ ಲೆಕ್ಕದ ಬಗ್ಗೆ ಈಗ ನನಗೇ ಸಂದೇಹ ಬಂದಿದೆ. ಲಂಡನ್ನಿನ ಟ್ಯಾಕ್ಸಿ ಚಾಲಕರು ಪರವಾನಗಿಗಾಗಿ ಸುಮಾರು 25,000 ಬೀದಿಗಳನ್ನು ಬಾಯಿಪಾಠ ಮಾಡಬೇಕು. ಎಲೀನರ್ ಮ್ಯಾಗ್ವಾಯರ್ ಅವರ ತಂಡ 2000ದಲ್ಲಿ ಪ್ರಕಟಿಸಿದ ಅಧ್ಯಯನದಲ್ಲಿ, ದಾರಿಯ ನೆನಪಿಗೆ ಸಂಬಂಧಿಸಿದ ಮಿದುಳಿನ ಹಿಪೊಕ್ಯಾಂಪಸ್ ಎಂಬ ಭಾಗದ ಹಿಂಬದಿ ಈ ಚಾಲಕರಲ್ಲಿ ಹೆಚ್ಚು ದೊಡ್ಡದಾಗಿ ಕಂಡುಬಂದಿತ್ತು, ಮತ್ತು ಚಾಲನೆಯ ವರ್ಷಗಳು ಹೆಚ್ಚಿದಷ್ಟೂ ಆ ವ್ಯತ್ಯಾಸ ಹೆಚ್ಚಿತ್ತು. ನಾನೂ ಇಡೀ ದಿನ ಬೀದಿಗಳಲ್ಲೇ ಇರುತ್ತೇನೆ, ಆದರೆ ಎಡಕ್ಕೆ ಬಲಕ್ಕೆ ಎಂದು ಫೋನು ಹೇಳಿದ ಕಡೆಗೆ ತಿರುಗುತ್ತೇನೆ. ನಾಲ್ಕು ವರ್ಷಗಳಾದ ಮೇಲೂ ಫೋನು ಸತ್ತರೆ ನಾನು ಈ ನಗರದಲ್ಲಿ ಹೊಸಬ. ಕೆಲಸ ನನ್ನಲ್ಲಿ ಏನನ್ನೂ ಉಳಿಸಿಲ್ಲ. ಅದನ್ನು ಸ್ವಾತಂತ್ರ್ಯ ಎಂದುಕೊಂಡಿದ್ದೆ.

ನನ್ನ ಕೆಲಸಕ್ಕೆ ತೀರ್ಪು ಕೊಡುವವರು ಬಾಗಿಲು ತೆರೆದು ಐದು ಸೆಕೆಂಡು ನನ್ನನ್ನು ನೋಡಿದವರು. ಮಳೆಯಲ್ಲಿ ಬಂದ ದಿನ ಮೂರು ನಕ್ಷತ್ರ ಸಿಕ್ಕಿದೆ, ಏನೂ ಕಷ್ಟವಿಲ್ಲದ ದಿನ ಐದು ಸಿಕ್ಕಿದೆ. ಅವರ ಮೇಲೆ ನನಗೆ ಕೋಪವಿಲ್ಲ, ಅವರಿಗೆ ಈ ಕೆಲಸ ಗೊತ್ತಿಲ್ಲ. ಗೊತ್ತಿರುವ ನನ್ನಂಥವರು ಸಿಗ್ನಲ್ಲಿನಲ್ಲಿ ಪಕ್ಕಪಕ್ಕ ನಿಲ್ಲುತ್ತೇವೆ, ಹಸಿರು ದೀಪ ಬಂದ ಕೂಡಲೇ ಚದುರುತ್ತೇವೆ.

ಹಿರಿಯರಿಗೆ ನನ್ನದೊಂದು ಪ್ರಶ್ನೆ. ಎರಡನೆಯ ಕೆಲಸವನ್ನು ಇಪ್ಪತ್ತೆರಡು ವರ್ಷ ಮಾಡಿದರೂ ಅದು ನಿಮ್ಮ ಗುರುತಾಗಲಿಲ್ಲ ಏಕೆ? ಅಲ್ಲಿಯೂ ಕೌಶಲ ಬೇಕಿತ್ತಲ್ಲವೇ?

ಸಮಾಜಶಾಸ್ತ್ರದ ಅಧ್ಯಾಪಕಿ

ಗೃಹಿಣಿಯವರ ಆಕ್ಷೇಪ ನ್ಯಾಯವಾದದ್ದು. ಹೆಂಗಸರ ನಡಿಗೆಯ ವಿಷಯ ಅದೇ ವರದಿಯಲ್ಲಿದೆ, ನಾನು ಅದನ್ನು ಹೇಳಬೇಕಾಗಿತ್ತು.

ಯುವಕರ ಮಾತಿಗೆ ಒಂದನ್ನು ಸೇರಿಸುತ್ತೇನೆ. ಫ್ರಾನ್ಸಿನ ಸಮಾಜಶಾಸ್ತ್ರಜ್ಞ ಎಮಿಲ್ ಡರ್ಕೈಮ್ 1893ರಲ್ಲಿ ಶ್ರಮ ವಿಭಜನೆಯನ್ನು ಕುರಿತು ಬರೆದಾಗ, ಬೇರೆ ಬೇರೆ ಕೆಲಸ ಮಾಡುವವರು ಒಬ್ಬರನ್ನೊಬ್ಬರು ಅವಲಂಬಿಸಿರುವುದೇ ಆಧುನಿಕ ಸಮಾಜವನ್ನು ಹಿಡಿದಿಡುತ್ತದೆ ಎಂದು ವಾದಿಸಿದ್ದರು. 1902ರಲ್ಲಿ ಎರಡನೆಯ ಆವೃತ್ತಿಗೆ ಬರೆದ ಮುನ್ನುಡಿಯಲ್ಲಿ ಅವರು ಒತ್ತು ಕೊಟ್ಟದ್ದು ವೃತ್ತಿಬಾಂಧವರ ಕೂಟಗಳಿಗೆ. ಸರ್ಕಾರ ಬಹಳ ದೂರದಲ್ಲಿದೆ, ಒಬ್ಬಂಟಿ ವ್ಯಕ್ತಿ ಬಹಳ ದುರ್ಬಲ. ನಡುವೆ ಒಂದೇ ಕೆಲಸ ಮಾಡುವವರ ಗುಂಪೊಂದು ಇಲ್ಲದಿದ್ದರೆ ದುಡಿಮೆಗೆ ನೀತಿಯೂ ಇರುವುದಿಲ್ಲ, ದುಡಿಯುವವನಿಗೆ ನೆಲೆಯೂ ಇರುವುದಿಲ್ಲ ಎಂಬುದು ಅವರ ಮಾತಿನ ತಿರುಳು. ನಾನು ಇದನ್ನು ತರಗತಿಯಲ್ಲಿ ಎಷ್ಟೋ ಸಲ ಪಾಠ ಮಾಡಿದ್ದೇನೆ. ಸಿಗ್ನಲ್ಲಿನಲ್ಲಿ ಸೇರಿ ಚದುರುವವರ ಚಿತ್ರವನ್ನು ಇನ್ನು ಮುಂದೆ ಅದರ ಜೊತೆಗೆ ಹೇಳುತ್ತೇನೆ, ಯುವಕರ ಒಪ್ಪಿಗೆಯಿದ್ದರೆ.

ನಿವೃತ್ತ ಮೊಳೆ ಜೋಡಣೆಗಾರ

ತಮ್ಮಾ, ನಿನ್ನ ಪ್ರಶ್ನೆಗೆ ಎರಡು ದಿನ ಯೋಚಿಸಿ ಬರೆಯುತ್ತಿದ್ದೇನೆ. ಕಂಪ್ಯೂಟರಿನ ಕೆಲಸದಲ್ಲಿ ಕೌಶಲವಿತ್ತು, ಅದನ್ನು ನಾನು ಶ್ರದ್ಧೆಯಿಂದ ಕಲಿತೆ. ಆದರೆ ಒಂದು ಕೋಣೆಯಲ್ಲಿ ನಾನು ಒಬ್ಬನೇ ಕೂರುತ್ತಿದ್ದೆ. ಪುಟ ಸರಿಯಾಗಿದೆಯೇ ಎಂದು ನೋಡುತ್ತಿದ್ದವರು ಅಳತೆ ಹೊಂದಿದೆಯೇ, ಹೇಳಿದ ಹೊತ್ತಿಗೆ ಬಂತೇ ಎಂಬುದನ್ನಷ್ಟೇ ನೋಡುತ್ತಿದ್ದರು. ಅಚ್ಚುಕೂಟದಲ್ಲಿ ನಾವು ಒಂಬತ್ತು ಜನ. ಒಂದು ಸಾಲು ಸಡಿಲವಾಗಿದ್ದರೆ ಕರಡಚ್ಚು ತೆಗೆಯುವ ಮೊದಲೇ ಪಕ್ಕದವನು ಬೆರಳಿಟ್ಟು ತೋರಿಸುತ್ತಿದ್ದ. ಚೆನ್ನಾಗಿ ಕೂತಿದ್ದರೆ ಏನೂ ಹೇಳದೆ ಮುಂದೆ ಹೋಗುತ್ತಿದ್ದ, ಆ ಸುಮ್ಮನಿರುವಿಕೆಗಾಗಿ ನಾವು ದುಡಿಯುತ್ತಿದ್ದೆವು. ನಾನು ಕಳೆದುಕೊಂಡದ್ದು ಸೀಸವನ್ನಲ್ಲ, ಆ ಎಂಟು ಜನರ ಕಣ್ಣನ್ನು. ದಾದಿಯವರ ಹಿರಿಯ ಸಹೋದ್ಯೋಗಿ, ಚರಂಡಿಯ ಸದ್ದನ್ನು ಕುರಿತು ತಂದೆಯವರನ್ನು ಕೇಳುತ್ತಿದ್ದ ಜೊತೆಯವರು, ಆ ತಾಯಿಗೆ ಸಿಗದೆ ಹೋದ ನೋಟ, ಇವನ್ನು ಓದದಿದ್ದರೆ ನನಗೆ ಇದು ತಿಳಿಯುತ್ತಿರಲಿಲ್ಲ.

ಆ ಒಂಬತ್ತರಲ್ಲಿ ಈಗ ಉಳಿದಿರುವುದು ನಾವಿಬ್ಬರು. ನಿನ್ನೆ ಅವನನ್ನು ನೋಡಲು ಹೋಗಿದ್ದೆ. ಈ ಚರ್ಚೆಯನ್ನು ಕಾಗದದ ಮೇಲೆ ಮುದ್ರಿಸಿಕೊಂಡು ಒಯ್ದಿದ್ದೆ, ಅವನಿಗೆ ಪರದೆಯ ಮೇಲೆ ಓದಲು ಆಗುವುದಿಲ್ಲ. ಕನ್ನಡಕ ಹಾಕಿಕೊಂಡು ಮೊದಲ ಪುಟವನ್ನು ಬಹಳ ಹೊತ್ತು ನೋಡಿದ. ಆಮೇಲೆ ಮೂರನೆಯ ಸಾಲಿನ ಮೇಲೆ ಉಗುರಿಟ್ಟು, ಎರಡು ಪದಗಳ ನಡುವೆ ಜಾಗ ಹೆಚ್ಚಾಗಿದೆ ಎಂದ. ನನಗೂ ಅದು ಕಂಡಿತ್ತು.